ಅಭ್ಯರ್ಥಿಯ ತಲೆ ಸರಿ ಇದೆಯೇ ಎಂಬ ತಮಾಷೆ

ಕಪ್ಪು-ಬಿಳುಪು ಕಾಲದ ಕಿರು ಹಾಸ್ಯಚಿತ್ರಗಳಿಗೆ ಚುನಾವಣೆಯೆಂದರೆ ಬಹಳ ಇಷ್ಟದ ವಸ್ತು. ಮುಖ್ಯ ಸಿನಿಮಾಕ್ಕೆ ಮುಂಚೆ ಹದಿನೈದಿಪ್ಪತ್ತು ನಿಮಿಷ ಓಡುತ್ತಿದ್ದ ಆ ಚಿತ್ರಗಳಲ್ಲಿ ಮತ ಕೇಳಲು ಹೊರಟವನು ಒಂದೋ ಕಳ್ಳ, ಇಲ್ಲವೇ ಅರೆಮರುಳ. ಅಮೆರಿಕದ ‘ತ್ರೀ ಸ್ಟೂಜಸ್’ ತಂಡದ ‘ತ್ರೀ ಡಾರ್ಕ್ ಹಾರ್ಸಸ್’ ತೆರೆಗೆ ಬಂದದ್ದು 1952ರಲ್ಲಿ, ಅಲ್ಲಿ ಅಧ್ಯಕ್ಷೀಯ ಚುನಾವಣೆ ನಡೆದ ವರ್ಷವೇ. ಹ್ಯಾಮಂಡ್ ಎಗ್ಗರ್ ಎಂಬ ಅಭ್ಯರ್ಥಿಯ ಕಡೆಯವರಿಗೆ ಹೇಳಿದಂತೆ ಕೇಳುವ ಪೆದ್ದ ಪ್ರತಿನಿಧಿಗಳು ಬೇಕು. ಕಚೇರಿ ಗುಡಿಸಲು ಬಂದ ಮೂವರನ್ನೇ ಅವರು ಹಿಡಿದು ಪ್ರತಿನಿಧಿಗಳನ್ನಾಗಿ ಮಾಡುತ್ತಾರೆ. ಅಭ್ಯರ್ಥಿ ಮೋಸಗಾರ ಎಂದು ತಿಳಿದ ಆ ಮೂವರು ಕೊನೆಗೆ ಎದುರಾಳಿಯ ಕಡೆ ವಾಲುತ್ತಾರೆ. ಚಿತ್ರದಲ್ಲಿ ಹೊಡೆದಾಟ, ಬಡಿದಾಟ ಎಲ್ಲ ಇದ್ದರೂ ನಗೆಯ ಪೆಟ್ಟು ಬೀಳುವುದು ಮೋಸಕ್ಕೆ. ಅದೇ ಕಾಲದ ಇನ್ನೊಂದು ಬಗೆಯ ಹಾಸ್ಯವಿದೆ: ಅಭ್ಯರ್ಥಿಗೆ ಹುಚ್ಚು ಹಿಡಿದಿದೆಯೋ ಇಲ್ಲವೋ ಎಂಬುದೇ ಕಥೆ, ಬಿಳಿ ಕೋಟಿನವರು ಅವನನ್ನು ಹಿಡಿಯಲು ಓಡುವುದೇ ತಮಾಷೆ. ಈ ಎರಡನೆಯ ನಗೆ ಇಂದಿಗೂ ಹಳತಾಗಿಲ್ಲ. ನಮ್ಮ ಬಂಟ್ವಾಳ ತಾಲೂಕಿನ ಮೆಲ್ಕಾರಿನಲ್ಲಿ ಮುಡಿಪು ಕಡೆಗೆ ರಸ್ತೆ ಕವಲೊಡೆಯುವ ಜಾಗದಲ್ಲಿ ಚುನಾವಣೆ ಬಂದಾಗ ಪ್ರಚಾರದ ವಾಹನಗಳು ತುಳು, ಕನ್ನಡ, ಬ್ಯಾರಿ ಮೂರರಲ್ಲೂ ಕೂಗುತ್ತವೆ. ವಾಹನ ದಾಟಿದ ಮೇಲೆ ಅಂಗಡಿಯ ಜಗಲಿಯಲ್ಲಿ ಉಳಿಯುವ ಮಾತು ಹೆಚ್ಚಾಗಿ ಒಂದೇ: ‘ಅವನಿಗೆ ಮಂಡೆ ಸಮ ಇಲ್ಲ ಮಾರಾಯ್ರೆ.’ ಎದುರಾಳಿ ಆಡಿದ ಹತ್ತು ಸೆಕೆಂಡಿನ ಮಾತನ್ನು ಕತ್ತರಿಸಿ, ಆಸ್ಪತ್ರೆಯ ಚಿತ್ರ ಅಂಟಿಸಿ, ಹಿನ್ನೆಲೆಗೆ ನಗೆಯ ಸದ್ದು ಹಾಕಿದ ತುಣುಕು ಮೊಬೈಲಿನಿಂದ ಮೊಬೈಲಿಗೆ ಹೋಗುತ್ತದೆ. ಈ ತಮಾಷೆಯಿಂದ ಮತದಾರನಿಗೂ ನಷ್ಟ, ನಿಜವಾಗಿ ಮನೋರೋಗದಿಂದ ನರಳುವವರಿಗೂ ನಷ್ಟ. ಲಾಭವಾಗುವುದು ಯಾರನ್ನು ಗುರಿಯಿಟ್ಟು ನಗುತ್ತೇವೆಯೋ ಆ ರಾಜಕಾರಣಿಗೇ ಎಂಬುದು ನನ್ನ ವಾದ.

ಮೊದಲು ನಮ್ಮ ಕಾನೂನು ಏನು ಹೇಳುತ್ತದೆ ನೋಡೋಣ. ಬುದ್ಧಿ ಸ್ವಾಧೀನದಲ್ಲಿಲ್ಲದವರು ಶಾಸಕರೋ ಸಂಸದರೋ ಆಗಬಹುದೇ ಎಂಬ ಪ್ರಶ್ನೆಯನ್ನು ಸಂವಿಧಾನ ಬರೆದವರು ಮರೆತಿರಲಿಲ್ಲ. ಸಂಸತ್ತಿನ ಸದಸ್ಯರಿಗೆ 102ನೆಯ ವಿಧಿ, ವಿಧಾನಮಂಡಲದ ಸದಸ್ಯರಿಗೆ 191ನೆಯ ವಿಧಿ ಅನರ್ಹತೆಯ ಕಾರಣಗಳನ್ನು ಹೇಳುತ್ತವೆ. ಅವುಗಳಲ್ಲಿ ಮಾನಸಿಕ ಅಸ್ವಸ್ಥತೆಯೂ ಒಂದು. ಆದರೆ ಅಲ್ಲಿ ಒಂದು ಷರತ್ತಿದೆ. ವ್ಯಕ್ತಿ ಅಸ್ವಸ್ಥಚಿತ್ತನಾಗಿದ್ದರೆ ಸಾಲದು, ಅಧಿಕಾರವುಳ್ಳ ನ್ಯಾಯಾಲಯ ಹಾಗೆಂದು ಘೋಷಿಸಿರಬೇಕು. ಮತದಾರರ ಪಟ್ಟಿಯಿಂದ ಹೆಸರು ಕೈಬಿಡುವುದಕ್ಕೂ 1950ರ ಪ್ರಜಾಪ್ರತಿನಿಧಿ ಕಾಯ್ದೆಯ 16ನೆಯ ಸೆಕ್ಷನ್ನಿನಲ್ಲಿ ಇದೇ ಷರತ್ತು ಇದೆ. ಎದುರಾಳಿಗೆ, ಪಕ್ಷಕ್ಕೆ, ಚುನಾವಣಾಧಿಕಾರಿಗೆ, ಕೊನೆಗೆ ವೈದ್ಯರಿಗೂ ಆ ಘೋಷಣೆ ಮಾಡುವ ಅಧಿಕಾರವಿಲ್ಲ. 2017ರ ಮಾನಸಿಕ ಆರೋಗ್ಯ ಕಾಯ್ದೆ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿದೆ. ಒಬ್ಬರಿಗೆ ಮನೋರೋಗವಿದೆ ಎಂದು ಗುರುತಿಸಿದ ಮಾತ್ರಕ್ಕೆ ಅವರನ್ನು ಅಸ್ವಸ್ಥಚಿತ್ತರೆಂದು ತಿಳಿಯಬಾರದು ಎಂದು ಅದರ 3ನೆಯ ಸೆಕ್ಷನ್ ಹೇಳುತ್ತದೆ. ಹಿಂದೆ ಚಿಕಿತ್ಸೆ ಪಡೆದಿದ್ದರು, ಆಸ್ಪತ್ರೆಯಲ್ಲಿದ್ದರು ಎಂಬ ಸಂಗತಿಯೊಂದೇ ಈಗಲೂ ರೋಗಿ ಎನ್ನಲು ಆಧಾರವಾಗದು. ವ್ಯಕ್ತಿಯ ರಾಜಕೀಯ ಸ್ಥಾನಮಾನವನ್ನು ನೋಡಿ ರೋಗ ನಿರ್ಧರಿಸುವಂತಿಲ್ಲ ಎಂಬ ಮಾತೂ ಅಲ್ಲಿದೆ. ಖಿನ್ನತೆಗೆ ಮಾತ್ರೆ ನುಂಗುವವರು ಮತ ಹಾಕಬಹುದು, ನಾಮಪತ್ರ ಸಲ್ಲಿಸಬಹುದು, ಗೆದ್ದರೆ ಪ್ರಮಾಣವಚನ ಸ್ವೀಕರಿಸಬಹುದು. ನ್ಯಾಯಾಲಯ ಮಾಡಬೇಕಾದ ಘೋಷಣೆಯನ್ನು ಮೈಕ್ ಹಿಡಿದವರು ಮಾಡಿದರೆ ಅದನ್ನು ಬರೀ ಒರಟು ಮಾತು ಎಂದು ಬಿಟ್ಟುಬಿಡಲಾಗದು. ಕಾನೂನು ಬೇಕೆಂದೇ ಮುಚ್ಚಿಟ್ಟ ಬಾಗಿಲನ್ನು ಒದೆಯುವ ಕೆಲಸ ಅದು.

ಆ ಬಾಗಿಲು ಯಾಕೆ ಮುಚ್ಚಿರಬೇಕು ಎಂಬುದಕ್ಕೆ 1964ರ ಅಮೆರಿಕ ಒಳ್ಳೆಯ ಪಾಠ. ಬ್ಯಾರಿ ಗೋಲ್ಡ್‌ವಾಟರ್ ರಿಪಬ್ಲಿಕನ್ ಪಕ್ಷದ ಅಧ್ಯಕ್ಷೀಯ ಅಭ್ಯರ್ಥಿಯಾಗಿದ್ದರು. ‘ಫ್ಯಾಕ್ಟ್’ ಎಂಬ ಪತ್ರಿಕೆ 12,356 ಮನೋವೈದ್ಯರಿಗೆ ಪತ್ರ ಬರೆದು, ಇವರು ಅಧ್ಯಕ್ಷರಾಗಲು ಮಾನಸಿಕವಾಗಿ ಯೋಗ್ಯರೇ ಎಂದು ಕೇಳಿತು. 2,417 ಮಂದಿ ಉತ್ತರಿಸಿದರು. ಅವರಲ್ಲಿ 1,189 ಮಂದಿ ‘ಇಲ್ಲ’ ಎಂದರು. ಅವರು ಆ ಮನುಷ್ಯನನ್ನು ಪರೀಕ್ಷಿಸಿರಲಿಲ್ಲ. ಭಾಷಣ ಕೇಳಿ, ಪತ್ರಿಕೆ ಓದಿ ದೊಡ್ಡ ದೊಡ್ಡ ರೋಗಗಳ ಹೆಸರು ಬರೆದು ಕಳಿಸಿದ್ದರು. ಗೋಲ್ಡ್‌ವಾಟರ್ ಚುನಾವಣೆ ಸೋತರು, ಮಾನನಷ್ಟ ಮೊಕದ್ದಮೆ ಗೆದ್ದರು. ಪತ್ರಿಕೆಯವರು 75,000 ಡಾಲರ್ ದಂಡರೂಪದ ಪರಿಹಾರ ತೆರಬೇಕಾಯಿತು. ತಾನು ಸ್ವತಃ ಪರೀಕ್ಷಿಸದ, ಒಪ್ಪಿಗೆ ಕೊಡದ ಸಾರ್ವಜನಿಕ ವ್ಯಕ್ತಿಯ ಮನಸ್ಸಿನ ಬಗ್ಗೆ ವೈದ್ಯ ಅಭಿಪ್ರಾಯ ಕೊಡಬಾರದು ಎಂಬ ನಿಯಮವನ್ನು ಅಲ್ಲಿನ ಮನೋವೈದ್ಯರ ಸಂಘ 1973ರಲ್ಲಿ ತಂದಿತು. ಓದಿಕೊಂಡ ಸಾವಿರಾರು ತಜ್ಞರೇ ದೂರದಿಂದ ನೋಡಿ ಹೇಳಿದ ಮಾತು ಅವರ ರಾಜಕೀಯ ಇಷ್ಟಾನಿಷ್ಟದಿಂದ ಹೊರಗೆ ಬರಲಿಲ್ಲ. ಹಾಗಿರುವಾಗ ಬಿ.ಸಿ. ರೋಡಿನ ಸಭೆಯಲ್ಲಿ ಭಾಷಣಕಾರ ಕೊಡುವ ರೋಗನಿರ್ಣಯಕ್ಕೆ ಎಷ್ಟು ಬೆಲೆ? ಸೋವಿಯತ್ ಒಕ್ಕೂಟದಲ್ಲಿ ಇದೇ ದಾರಿ ಇನ್ನೂ ಕತ್ತಲಿಗೆ ಹೋಯಿತು. ಸರ್ಕಾರವನ್ನು ಟೀಕಿಸಿದ ಜೀವವಿಜ್ಞಾನಿ ಜೋರೆಸ್ ಮೆಡ್ವೆಡೆವ್ ಅವರನ್ನು 1970ರಲ್ಲಿ ಹುಚ್ಚಾಸ್ಪತ್ರೆಗೆ ಹಾಕಿದ್ದರು.

ಈಗ ಕರ್ನಾಟಕಕ್ಕೆ ಬರೋಣ. ನಮ್ಮ ಚುನಾವಣೆಗಳಲ್ಲಿ ‘ತಲೆ ಸರಿ ಇಲ್ಲ’ ಎಂಬ ನಗೆ ಅತಿ ಹೆಚ್ಚು ಬಿದ್ದದ್ದು ಗೆಲ್ಲುವ ದಾರಿಯೇ ಇಲ್ಲದ ಪಕ್ಷೇತರರ ಮೇಲೆ. ಬೆಂಗಳೂರಿನ ಹೊಟ್ಟೆ ಪಕ್ಷದ ರಂಗಸ್ವಾಮಿ 80ಕ್ಕೂ ಹೆಚ್ಚು ಚುನಾವಣೆಗಳಲ್ಲಿ ನಿಂತರು, ಒಂದನ್ನೂ ಗೆಲ್ಲಲಿಲ್ಲ. ತಮಿಳುನಾಡಿನ ಮೆಟ್ಟೂರಿನ ಕೆ. ಪದ್ಮರಾಜನ್ 1988ರಿಂದ 200ಕ್ಕೂ ಹೆಚ್ಚು ಸಲ ನಿಂತು ಸೋತಿದ್ದಾರೆ. ಇಂಥವರ ಸುದ್ದಿ ಬಂದಾಗಲೆಲ್ಲ ಪತ್ರಿಕೆಯ ಮೂಲೆಯಲ್ಲಿ ಒಂದು ನಗೆಪೆಟ್ಟಿಗೆ ಸಿದ್ಧವಾಗಿರುತ್ತದೆ. ಆದರೆ ರಂಗಸ್ವಾಮಿಯವರ ಪಕ್ಷದ ಹೆಸರನ್ನು ಒಂದು ಗಳಿಗೆ ಗಂಭೀರವಾಗಿ ನೋಡಿ. ಹಸಿದವನ ಹೊಟ್ಟೆಯೇ ರಾಜಕೀಯದ ಮೊದಲ ವಿಷಯ ಎಂದು ಅವರು ತಮ್ಮ ಬ್ಯಾನರಿನ ಮೇಲೆ ಬರೆದುಕೊಂಡರು. 2013ರ ಜುಲೈಯಲ್ಲಿ ರಾಜ್ಯ ಸರ್ಕಾರ ಅನ್ನಭಾಗ್ಯ ಆರಂಭಿಸಿತು. 2017ರ ಆಗಸ್ಟಿನಲ್ಲಿ 5 ರೂಪಾಯಿಗೆ ತಿಂಡಿ, 10 ರೂಪಾಯಿಗೆ ಊಟ ಕೊಡುವ ಇಂದಿರಾ ಕ್ಯಾಂಟೀನ್ ಬೆಂಗಳೂರಿನಲ್ಲಿ ಬಾಗಿಲು ತೆರೆಯಿತು. ಈಗ ಯಾವ ಪಕ್ಷವೂ ಅಕ್ಕಿಯ ಮಾತಿಲ್ಲದೆ ಪ್ರಣಾಳಿಕೆ ಬರೆಯುವುದಿಲ್ಲ. ರಂಗಸ್ವಾಮಿಯವರಿಂದಲೇ ಇದೆಲ್ಲ ಆಯಿತು ಎನ್ನುತ್ತಿಲ್ಲ, ಹಾಗೆನ್ನುವುದು ತಪ್ಪಾಗುತ್ತದೆ. ಆದರೆ ರಾಜ್ಯದ ಮುಖ್ಯ ನೀತಿಯಾಗಬಲ್ಲ ವಿಷಯವನ್ನು ಹಿಡಿದು ನಿಂತವರನ್ನು ನಾವು ಮನರಂಜನೆಯ ಅಂಕಣಕ್ಕೆ ಸೇರಿಸಿಬಿಟ್ಟೆವು, ಅವರು ಹೇಳುವುದನ್ನು ಕೇಳಲಿಲ್ಲ. ವಾಟಾಳ್ ನಾಗರಾಜ್ ಎಮ್ಮೆ, ಕತ್ತೆಗಳನ್ನು ಮೆರವಣಿಗೆಗೆ ತಂದಾಗಲೂ ಇದೇ ಆಗುತ್ತದೆ. ಚಾಮರಾಜನಗರದ ಮತದಾರರು ಅವರನ್ನು ಒಂದಕ್ಕಿಂತ ಹೆಚ್ಚು ಸಲ ವಿಧಾನಸಭೆಗೆ ಕಳಿಸಿದರು ಎಂಬುದು ನಗುವವರ ನೆನಪಿಗೇ ಬರುವುದಿಲ್ಲ. ಅವರ ನಿಲುವುಗಳನ್ನು ಒಪ್ಪದವರು ಬೇಕಾದಷ್ಟಿದ್ದಾರೆ. ಒಪ್ಪದಿರಲು ವಾದ ಹೂಡಬೇಕು, ನಗಲು ಏನೂ ಬೇಡ.

1996ರ ಬೆಳಗಾವಿ ಲೋಕಸಭಾ ಚುನಾವಣೆಯನ್ನು ಹತ್ತಿರದಿಂದ ನೋಡಿದರೆ ಈ ಮಾತು ಇನ್ನೂ ಸ್ಪಷ್ಟವಾಗುತ್ತದೆ. ಒಂದೇ ಸ್ಥಾನಕ್ಕೆ 456 ಅಭ್ಯರ್ಥಿಗಳು. ಅಷ್ಟೇ ಹೇಳಿ ನಿಲ್ಲಿಸಿದರೆ ಯಾರಿಗಾದರೂ ಇದು ಹುಚ್ಚಾಟವೆಂದೇ ಅನಿಸುತ್ತದೆ. ಆದರೆ ಅದರ ಹಿಂದಿದ್ದದ್ದು ಗಡಿ ವಿವಾದದ ಲೆಕ್ಕಾಚಾರ. ಮರಾಠಿ ಪರ ಸಂಘಟನೆ ತನ್ನ ಪ್ರತಿಭಟನೆಯನ್ನು ದೇಶದ ಕಣ್ಣಿಗೆ ಬೀಳಿಸಲು ನಾಮಪತ್ರವನ್ನೇ ಆಯುಧ ಮಾಡಿಕೊಂಡಿತ್ತು. ಬೆಳಗಾವಿ ಮಹಾರಾಷ್ಟ್ರಕ್ಕೆ ಸೇರಬೇಕೆಂಬ ಅದರ ಬೇಡಿಕೆಯನ್ನು ಕನ್ನಡಿಗರು ಒಪ್ಪಲಿಲ್ಲ, ಒಪ್ಪುವುದೂ ಇಲ್ಲ. ಆದರೆ ಅದನ್ನು ಮಾಡಿದವರು ಏನು ಮಾಡುತ್ತಿದ್ದೇವೆ ಎಂದು ಚೆನ್ನಾಗಿ ತಿಳಿದಿದ್ದರು. ಅದೇ ಚುನಾವಣೆಯಲ್ಲಿ ಆಗಿನ ಆಂಧ್ರದ ನಲ್ಗೊಂಡದಲ್ಲಿ 480 ಅಭ್ಯರ್ಥಿಗಳಿದ್ದರು. ಅಲ್ಲಿನ ಕಾರಣ ಫ್ಲೋರೈಡ್ ನೀರು. ಮೂಳೆ ಡೊಂಕಾದ ಜನರ ಸಂಕಟವನ್ನು ಯಾರೂ ಕೇಳದಿದ್ದಾಗ ಅದು ಮತಪತ್ರದ ಮೇಲೆ ಹೆಸರುಗಳಾಗಿ ಬಂದಿತು. ಸರ್ಕಾರ ಕೂಡ ಇದನ್ನು ಹುಚ್ಚು ಎಂದು ತಳ್ಳಿಹಾಕಲಿಲ್ಲ. ಲೋಕಸಭೆಯ ಠೇವಣಿಯನ್ನು 500 ರೂಪಾಯಿಯಿಂದ 10,000ಕ್ಕೆ, ವಿಧಾನಸಭೆಯದನ್ನು 250ರಿಂದ 5,000ಕ್ಕೆ ಏರಿಸಿತು. ಪಕ್ಷೇತರರಿಗೆ ಹತ್ತು ಮಂದಿ ಸೂಚಕರು ಬೇಕೆಂದಿತು. ಇಂದು ಆ ಠೇವಣಿ 25,000 ಮತ್ತು 10,000. ವಿಚಿತ್ರವಾಗಿ ಕಾಣುವ ನಡೆಗೆ ನಿಯಮದಿಂದಲೂ ವಾದದಿಂದಲೂ ಉತ್ತರ ಕೊಡಬಹುದು ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ. ಠೇವಣಿ ಇಷ್ಟು ಏರಿದ್ದು ಬಡ ಅಭ್ಯರ್ಥಿಗೆ ನ್ಯಾಯವೇ ಎಂಬುದು ಬೇರೆ ಪ್ರಶ್ನೆ. ನನಗೆ ಅದರಲ್ಲಿ ಸಂಶಯವಿದೆ.

ದೊಡ್ಡ ಪಕ್ಷದ, ಗೆಲ್ಲುವ ಅಭ್ಯರ್ಥಿಯ ವಿಷಯದಲ್ಲಿ ಈ ನಗೆ ಮಾಡುವ ಹಾನಿ ಬೇರೆ ಬಗೆಯದು. ಒಬ್ಬ ನಾಯಕ ದ್ವೇಷದ ಮಾತಾಡಿದ, ಆಗದ ಹೋಗದ ಭರವಸೆ ಕೊಟ್ಟ ಎಂದಿಟ್ಟುಕೊಳ್ಳಿ. ಆತ ಅದನ್ನು ಲೆಕ್ಕ ಹಾಕಿಯೇ ಹೇಳಿರುತ್ತಾನೆ. ಯಾವ ಊರಿನಲ್ಲಿ ಯಾವ ಮಾತಿಗೆ ಚಪ್ಪಾಳೆ ಬೀಳುತ್ತದೆ ಎಂಬುದು ಆತನಿಗೂ ಗೊತ್ತು, ಟಿಕೆಟ್ ಕೊಟ್ಟ ಪಕ್ಷಕ್ಕೂ ಗೊತ್ತು. ‘ಅವನಿಗೆ ಹುಚ್ಚು’ ಎಂದು ನಕ್ಕ ಕೂಡಲೇ ಆ ಲೆಕ್ಕಾಚಾರ ಕಣ್ಣಿಂದ ಮರೆಯಾಗುತ್ತದೆ. ಹುಚ್ಚನಿಗೆ ಹೊಣೆಯಿಲ್ಲ. ಆತನನ್ನು ಕಣಕ್ಕಿಳಿಸಿದವರಿಗೂ, ಹಣ ಹಾಕಿದವರಿಗೂ ಹೊಣೆಯಿಲ್ಲ. ಬಿ.ಸಿ. ರೋಡ್–ಅಡ್ಡಹೊಳೆ ಚತುಷ್ಪಥ ಕಾಮಗಾರಿ ವರ್ಷಗಟ್ಟಲೆ ಎಳೆದದ್ದು ಯಾಕೆ, ಮಳೆಗಾಲದಲ್ಲಿ ನೇತ್ರಾವತಿ ಉಕ್ಕಿದಾಗ ಪಾಣೆಮಂಗಳೂರಿನ ತಗ್ಗಿನ ಮನೆಗಳಿಗೆ ಏನು ವ್ಯವಸ್ಥೆ ಎಂದು ಕೇಳಬೇಕಾದ ಹೊತ್ತು ಮಿಮಿಕ್ರಿ ನೋಡುವುದರಲ್ಲಿ ಕಳೆಯುತ್ತದೆ. 2002ರ ಸುಪ್ರೀಂ ಕೋರ್ಟ್ ತೀರ್ಪಿನಿಂದಾಗಿ ಇವತ್ತು ಪ್ರತಿ ಅಭ್ಯರ್ಥಿಯ ಆಸ್ತಿ, ಸಾಲ, ವಿದ್ಯೆ, ಕ್ರಿಮಿನಲ್ ಮೊಕದ್ದಮೆಗಳ ಪ್ರಮಾಣಪತ್ರ ಯಾರು ಬೇಕಾದರೂ ನೋಡುವಂತೆ ಸಿಗುತ್ತದೆ. ಅಷ್ಟು ಸಾಕ್ಷ್ಯ ಕೈಯಲ್ಲಿರುವಾಗ ಅದನ್ನು ಬಿಟ್ಟು ಯಾರದೋ ತಲೆಯೊಳಗೆ ಇಣುಕುವುದು ಮತದಾರ ತನಗೆ ತಾನೇ ಮಾಡಿಕೊಳ್ಳುವ ಅನ್ಯಾಯ.

ಹುಚ್ಚೆಂದು ತಳ್ಳಿಹಾಕದೆ ಅಧಿಕಾರವನ್ನು ನೋಡುವುದು ಹೇಗೆ ಎಂಬುದಕ್ಕೆ ನಮ್ಮಲ್ಲೇ ಒಂದು ನಾಟಕವಿದೆ. ಗಿರೀಶ್ ಕಾರ್ನಾಡರ ‘ತುಘಲಕ್’ 1964ರಲ್ಲಿ ಬಂತು. ಅದನ್ನು ಹಿಂದುಸ್ತಾನಿಗೆ ತಂದು ದೆಹಲಿಯ ರಂಗಕ್ಕೆ ಒದಗಿಸಿದವರು ಬಂಟ್ವಾಳ ತಾಲೂಕಿನ ಮಂಚಿಯಲ್ಲಿ ಹುಟ್ಟಿದ ಬಿ.ವಿ. ಕಾರಂತರು. ಅಸಂಬದ್ಧ ಸರ್ಕಾರಿ ಆದೇಶ ಕಂಡರೆ ಇಂದಿಗೂ ನಾವು ‘ತುಘಲಕ್ ದರ್ಬಾರು’ ಎನ್ನುತ್ತೇವೆ. ಆದರೆ ನಾಟಕ ನೋಡಿದವರಿಗೆ ಗೊತ್ತು, ಕಾರ್ನಾಡರು ಸುಲ್ತಾನನನ್ನು ಹುಚ್ಚನೆಂದು ಹೇಳಿ ಕೈತೊಳೆದುಕೊಳ್ಳಲಿಲ್ಲ. ರಾಜಧಾನಿಯನ್ನು ದೌಲತಾಬಾದಿಗೆ ಒಯ್ಯುವುದಕ್ಕೆ, ತಾಮ್ರದ ನಾಣ್ಯಕ್ಕೆ ಬೆಳ್ಳಿಯ ಬೆಲೆ ಕಟ್ಟುವುದಕ್ಕೆ ಅವನಲ್ಲಿ ಕಾರಣಗಳಿವೆ, ಕನಸಿದೆ, ಕ್ರೌರ್ಯವಿದೆ, ಸುತ್ತ ಆ ಆದೇಶಗಳಿಂದ ಲಾಭ ಗಿಟ್ಟಿಸುವವರಿದ್ದಾರೆ. ಬಹುಶಃ ಅದಕ್ಕೇ ಆ ನಾಟಕ ಇಷ್ಟು ದಶಕ ಬಾಳಿದೆ. ಸುಲ್ತಾನ ಬರೀ ಮರುಳನಾಗಿದ್ದರೆ ಆ ನಾಟಕ ಒಂದು ಕಿರು ಹಾಸ್ಯಚಿತ್ರದಷ್ಟಕ್ಕೇ ಮುಗಿಯುತ್ತಿತ್ತು.

ನಗುವ ಹಕ್ಕನ್ನೇ ಕಿತ್ತುಕೊಳ್ಳುತ್ತೀರಾ ಎಂದು ಕೆಲವರು ಕೇಳಬಹುದು. ನ್ಯಾಯವಾದ ಪ್ರಶ್ನೆ, ಅದರಲ್ಲೂ ಈ ಊರಿನಲ್ಲಿ. ಯಕ್ಷಗಾನದ ಹಾಸ್ಯಗಾರ ದೂತನಾಗಿ, ಚಾರಕನಾಗಿ ರಂಗಕ್ಕೆ ಬಂದು ಸಿಂಹಾಸನದ ಮೇಲಿನವನ ಜಂಬವನ್ನು ಒಂದೇ ಮಾತಿನಲ್ಲಿ ಇಳಿಸುತ್ತಾನೆ. ಮೂಡುಬಿದಿರೆ ಸೀಮೆಯ ಮಿಜಾರು ಅಣ್ಣಪ್ಪನವರ ಹಾಸ್ಯಕ್ಕೆ ತುಳು ಪ್ರಸಂಗಗಳಲ್ಲಿ ಜನ ಕಾದು ಕೂರುತ್ತಿದ್ದರು. ತಾಳಮದ್ದಳೆಯಲ್ಲಂತೂ ಎದುರಿನ ಅರ್ಥಧಾರಿಯ ಮಾತಿನ ಎಳೆ ಹಿಡಿದೇ ಉತ್ತರಿಸಬೇಕು. ಎದುರಿನವನಿಗೆ ಬುದ್ಧಿ ನೆಟ್ಟಗಿಲ್ಲ ಎಂದು ಹೇಳಿ ಕುಳಿತರೆ ಸಂವಾದ ಸತ್ತಂತೆ, ಅಂಥವರನ್ನು ಸಭೆಯೇ ಒಪ್ಪುವುದಿಲ್ಲ. ಆ ಪರಂಪರೆಯ ಕುಂಬ್ಳೆ ಸುಂದರ ರಾವ್ 1994ರಲ್ಲಿ ಸುರತ್ಕಲ್ಲಿನಿಂದ ವಿಧಾನಸಭೆಗೂ ಹೋದರು. ಅಂದರೆ ಅಧಿಕಾರವನ್ನು ನೋಡಿ ನಗುವುದೂ, ಎದುರಾಳಿಯ ಮಾತನ್ನು ಸೀಳಿ ನೋಡುವುದೂ ನಮಗೆ ಹೊಸತಲ್ಲ. ಸುಪ್ರೀಂ ಕೋರ್ಟ್ ಕೂಡ 2024ರ ಜುಲೈಯಲ್ಲಿ, ಅಂಗವಿಕಲರನ್ನು ಗೇಲಿ ಮಾಡಿದ ಆರೋಪವಿದ್ದ ಹಿಂದಿ ಸಿನಿಮಾದ ಪ್ರಕರಣದಲ್ಲಿ, ಇದೇ ಗೆರೆ ಎಳೆಯಿತು. ಅಂಗವೈಕಲ್ಯದ ಬದುಕನ್ನು ಅರ್ಥ ಮಾಡಿಸುವ ಹಾಸ್ಯ ಬೇರೆ, ಅಂಗವಿಕಲರನ್ನು ಕುಗ್ಗಿಸುವ ಹಾಸ್ಯ ಬೇರೆ ಎಂದು ನ್ಯಾಯಮೂರ್ತಿಗಳು ಹೇಳಿದರು. 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯ ಪಟ್ಟಿಯಲ್ಲಿ ಮನೋರೋಗವೂ ಇದೆ. ಹಾಸ್ಯ ನಿಲ್ಲಬೇಕೆಂದು ನ್ಯಾಯಾಲಯ ಹೇಳಲಿಲ್ಲ, ನಾನೂ ಹೇಳುತ್ತಿಲ್ಲ. ಅಭ್ಯರ್ಥಿಯ ದುರಾಸೆಗೆ, ಸುಳ್ಳಿಗೆ, ಪಕ್ಷಾಂತರಕ್ಕೆ ಹೊಟ್ಟೆ ಹುಣ್ಣಾಗುವಷ್ಟು ನಗಲಿ.

ಇನ್ನೊಂದು ಆಕ್ಷೇಪ ಇದಕ್ಕಿಂತ ಗಟ್ಟಿಯಾದುದು. ಲಕ್ಷಾಂತರ ಜನರ ಬದುಕು ಒಬ್ಬನ ಕೈಯಲ್ಲಿರುವಾಗ ಅವನ ಮನಸ್ಸಿನ ಸ್ಥಿತಿ ಖಾಸಗಿ ಸಂಗತಿಯಾಗಿ ಉಳಿಯಬಹುದೇ? ಅಮೆರಿಕದ ಲೂಸಿಯಾನಾ ರಾಜ್ಯದಲ್ಲಿ 1959ರಲ್ಲಿ ಗವರ್ನರ್ ಅರ್ಲ್ ಲಾಂಗ್ ಅವರನ್ನು ಅಧಿಕಾರದಲ್ಲಿರುವಾಗಲೇ ಮಾನಸಿಕ ಆಸ್ಪತ್ರೆಗೆ ಸೇರಿಸಿದರು. ಅವರು ತಮ್ಮ ಅಧಿಕಾರ ಬಳಸಿ ಆಸ್ಪತ್ರೆಯ ಮುಖ್ಯಸ್ಥರನ್ನೇ ಕೆಲಸದಿಂದ ತೆಗೆಸಿ ಹೊರಬಂದರು. ಇದು ಸಿನಿಮಾದ ಕಥೆಯಲ್ಲ, ನಡೆದ ಸಂಗತಿ. ಇಂಥ ಅಪಾಯ ಇಲ್ಲವೇ ಇಲ್ಲ ಎಂದು ನಾನು ಹೇಳಲಾರೆ. ಆದರೆ ಅದಕ್ಕೆ ಔಷಧ ಸಂಸ್ಥೆಗಳಲ್ಲಿದೆ. ನಮ್ಮ ಮುಖ್ಯಮಂತ್ರಿ ಸದನದ ವಿಶ್ವಾಸವಿರುವಷ್ಟು ದಿನ ಮಾತ್ರ ಮುಖ್ಯಮಂತ್ರಿ. ಸಂಪುಟವಿದೆ, ಶಾಸಕಾಂಗ ಪಕ್ಷವಿದೆ, ಅವಿಶ್ವಾಸ ನಿರ್ಣಯವಿದೆ. ಎಲ್ಲ ಮೀರಿದಾಗ ನ್ಯಾಯಾಲಯವಿದೆ. ಇವೆಲ್ಲ ಪರೀಕ್ಷಿಸುವುದು ಮನುಷ್ಯನ ನಡತೆಯನ್ನು, ಕೆಲಸ ಮಾಡುವ ಶಕ್ತಿಯನ್ನು. ರೋಗದ ಹೆಸರಿನಿಂದ ಆ ಶಕ್ತಿಯನ್ನು ಅಳೆಯಲು ಬರುವುದಿಲ್ಲ. ನಾರ್ವೆಯ ಪ್ರಧಾನಿ ಶೆಲ್ ಮಾಗ್ನೆ ಬೊಂಡೆವಿಕ್ 1998ರಲ್ಲಿ ತನಗೆ ಖಿನ್ನತೆ ಬಂದಿದೆ ಎಂದು ಜನರಿಗೆ ನೇರವಾಗಿ ಹೇಳಿ ಮೂರು ವಾರಕ್ಕೂ ಹೆಚ್ಚು ರಜೆ ಪಡೆದರು, ಚೇತರಿಸಿಕೊಂಡು ಕುರ್ಚಿಗೆ ಮರಳಿದರು. 2001ರಲ್ಲಿ ಮತ್ತೊಮ್ಮೆ ಪ್ರಧಾನಿಯಾದರು. 1972ರಲ್ಲಿ ಅಮೆರಿಕದ ಉಪಾಧ್ಯಕ್ಷ ಅಭ್ಯರ್ಥಿ ಥಾಮಸ್ ಈಗಲ್ಟನ್ ಹಿಂದೆ ಖಿನ್ನತೆಗೆ ವಿದ್ಯುತ್ ಚಿಕಿತ್ಸೆ ಪಡೆದಿದ್ದ ಸುದ್ದಿ ಹೊರಬಿದ್ದು, ಅಭ್ಯರ್ಥಿಯಾದ ಹದಿನೆಂಟೇ ದಿನಕ್ಕೆ ಕಣದಿಂದ ಇಳಿಯಬೇಕಾಯಿತು. ಅದೇ ಈಗಲ್ಟನ್ ಆಮೇಲೂ ಎರಡು ಸಲ ಸೆನೆಟ್ಟಿಗೆ ಗೆದ್ದು 1987ರ ತನಕ ಕೆಲಸ ಮಾಡಿದರು. ಅವರ ಅನರ್ಹತೆ ಜನರ ನಗೆಯಲ್ಲಿತ್ತೇ ಹೊರತು ಅವರ ಮಿದುಳಿನಲ್ಲಿರಲಿಲ್ಲ.

ಈ ನಗೆಯ ಪೂರ್ತಿ ಬೆಲೆ ತೆರುವವರು ಮಾತ್ರ ವೇದಿಕೆಯ ಮೇಲಿರುವುದಿಲ್ಲ, ಎದುರಿಗೆ ಕುರ್ಚಿಯಲ್ಲಿ ಕೂತಿರುತ್ತಾರೆ. ಬೆಂಗಳೂರಿನ ನಿಮ್ಹಾನ್ಸ್ 2015–16ರಲ್ಲಿ ನಡೆಸಿದ ರಾಷ್ಟ್ರೀಯ ಮಾನಸಿಕ ಆರೋಗ್ಯ ಸಮೀಕ್ಷೆಯ ಪ್ರಕಾರ ದೇಶದ ವಯಸ್ಕರಲ್ಲಿ ಶೇ 10.6 ಮಂದಿಗೆ ಯಾವುದಾದರೊಂದು ಮಾನಸಿಕ ತೊಂದರೆ ಇದೆ. ರೋಗಕ್ಕೆ ತಕ್ಕಂತೆ ಶೇ 70ರಿಂದ 92ರಷ್ಟು ಜನರಿಗೆ ಚಿಕಿತ್ಸೆಯೇ ಸಿಗುತ್ತಿಲ್ಲ. ಮೆಲ್ಕಾರಿನಲ್ಲೋ ಬೆಳ್ತಂಗಡಿಯಲ್ಲೋ ನೂರು ಮಂದಿ ಸೇರಿದ ಸಭೆಯಲ್ಲಿ ಭಾಷಣಕಾರ ಎದುರಾಳಿಯನ್ನು ‘ಹುಚ್ಚಾಸ್ಪತ್ರೆಗೆ ಸೇರಿಸಿ’ ಎಂದಾಗ, ರಾಷ್ಟ್ರದ ಸರಾಸರಿಯನ್ನೇ ಹಿಡಿದರೂ ಅಲ್ಲಿರುವ ಹತ್ತು ಮಂದಿಗೆ ಅದು ತಮ್ಮ ಬಗ್ಗೆ ಆಡಿದ ಮಾತು. ಪಕ್ಕದ ಕುರ್ಚಿಯಲ್ಲಿ ಅವರ ಗಂಡನೋ, ತಾಯಿಯೋ, ನೆರೆಮನೆಯವರೋ ನಗುತ್ತಿರುತ್ತಾರೆ. ಮನೋಚೈತನ್ಯ ಯೋಜನೆಯಡಿ ಮಂಗಳವಾರ ಮನೋವೈದ್ಯರು ತಾಲೂಕು ಆಸ್ಪತ್ರೆಗೇ ಬರುವ ವ್ಯವಸ್ಥೆ ನಮ್ಮ ರಾಜ್ಯದಲ್ಲಿದೆ. 14416ಕ್ಕೆ ಕರೆ ಮಾಡಿದರೆ ಟೆಲಿ-ಮಾನಸ್ ಸಹಾಯವಾಣಿ ಸಿಗುತ್ತದೆ. ಆ ಸಾಲಿನಲ್ಲಿ ನಿಲ್ಲಲು ಬೇಕಾದ ಧೈರ್ಯ ಸಣ್ಣದಲ್ಲ. ಪರಿಚಯದವರು ಕಂಡಾರೇನೋ ಎಂಬ ಒಂದೇ ಅಂಜಿಕೆಗೆ ಗೇಟಿನಿಂದಲೇ ಹಿಂದಿರುಗುವವರಿದ್ದಾರೆ. ಆ ಅಂಜಿಕೆಗೆ ಚುನಾವಣೆ ಬಂದಾಗಲೆಲ್ಲ ನಾವು ಗೊಬ್ಬರ ಹಾಕುವುದು ನನಗೆ ನೋವಿನ ಸಂಗತಿ.

ಇದನ್ನು ಕೇಂದ್ರ ಚುನಾವಣಾ ಆಯೋಗ ತಡವಾಗಿಯಾದರೂ ಒಪ್ಪಿಕೊಂಡಿದೆ. ಅಂಗವೈಕಲ್ಯವನ್ನೂ ಮನೋರೋಗವನ್ನೂ ಬೈಗುಳವಾಗಿ ಬಳಸಬಾರದೆಂದು 2023ರ ಡಿಸೆಂಬರಿನಲ್ಲಿ ಪಕ್ಷಗಳಿಗೂ ಅಭ್ಯರ್ಥಿಗಳಿಗೂ ಸೂಚನೆ ಹೊರಡಿಸಿತು. ಅದರಲ್ಲಿ ಉದಾಹರಣೆಗೆಂದು ಕೊಟ್ಟ ಮಾತುಗಳಲ್ಲಿ ಹಿಂದಿಯ ‘ಪಾಗಲ್’ ಕೂಡ ಇದೆ. ಅಂಗವಿಕಲರ ಹಕ್ಕುಗಳ ಕಾಯ್ದೆಯ 92ನೆಯ ಸೆಕ್ಷನ್ನಿನ ಶಿಕ್ಷೆಯನ್ನೂ ಆಯೋಗ ನೆನಪಿಸಿತು. ಎದುರಾಳಿಯ ನೀತಿ, ಕಾರ್ಯಕ್ರಮ, ಹಿಂದಿನ ಕೆಲಸಕ್ಕೆ ಮಾತ್ರ ಟೀಕೆ ಸೀಮಿತವಾಗಿರಬೇಕು ಎಂದು ಮಾದರಿ ನೀತಿಸಂಹಿತೆ ಮೊದಲೇ ಹೇಳಿತ್ತು. ಆದರೆ ದೆಹಲಿಯ ಸೂಚನೆ ತುಳು ಭಾಷಣದ ವೇದಿಕೆ ತಲುಪಿದೆಯೇ? ನಾಮಪತ್ರ ಸಲ್ಲಿಕೆಯ ಬಳಿಕ ಚುನಾವಣಾಧಿಕಾರಿ ಅಭ್ಯರ್ಥಿಗಳನ್ನು ಕರೆದು ಖರ್ಚಿನ ಮಿತಿ, ವಾಹನದ ಪರವಾನಗಿ, ಮೈಕಿನ ಸಮಯ ವಿವರಿಸುತ್ತಾರೆ. ಅದೇ ಸಭೆಯಲ್ಲಿ ಈ ಸೂಚನೆಯನ್ನು ಕನ್ನಡದಲ್ಲಿ, ನಮ್ಮ ಬೈಗುಳಗಳನ್ನೇ ಉದಾಹರಣೆಯಾಗಿ ಕೊಟ್ಟು, ಓದಿ ಹೇಳಿ ಪ್ರತಿಯೊಬ್ಬರ ಸಹಿ ಪಡೆಯಬೇಕು. ಭಾಷಣ ಚಿತ್ರೀಕರಿಸುವ ತಂಡಗಳಿಗೂ ಇದನ್ನು ಗುರುತಿಸಲು ತಿಳಿಸಬೇಕು. ಜಿಲ್ಲಾ, ತಾಲೂಕು, ಗ್ರಾಮ ಪಂಚಾಯಿತಿಗಳ ಚುನಾವಣೆ ನಡೆಸುವುದು ರಾಜ್ಯ ಚುನಾವಣಾ ಆಯೋಗ. ಅಭ್ಯರ್ಥಿಯ ಮನೆ, ಮನೆತನ, ಕಾಯಿಲೆ ಎಲ್ಲವೂ ಎಲ್ಲರಿಗೂ ಗೊತ್ತಿರುವುದು ಹಳ್ಳಿಯ ಆ ಚುನಾವಣೆಯಲ್ಲೇ. ಯಾರ ಮನೆಯವರು ಯಾವ ಆಸ್ಪತ್ರೆಯಲ್ಲಿದ್ದರು ಎಂಬುದು ಮತಬೇಟೆಯ ಸರಕಾಗುವುದೂ ಅಲ್ಲೇ. ಅಲ್ಲಿನ ನೀತಿಸಂಹಿತೆಯಲ್ಲಿ ಈ ಸಾಲು ಅಚ್ಚಾಗಬೇಕು, ಮುಂದಿನ ಪಂಚಾಯಿತಿ ಚುನಾವಣೆಯ ಅಧಿಸೂಚನೆ ಹೊರಡುವ ಮುನ್ನವೇ.